ಪಿಸ್ತೂಲಿನ ಮಸಿ ಎಲ್ಲಿಂದ ಬರುತ್ತದೆ, ಎಲ್ಲಿ ಕೂರುತ್ತದೆ

ಶುಚಿ ಮಾಡಲೆಂದು ಕೈಗೆತ್ತಿಕೊಂಡ ಸೆಮಿ-ಆಟೋಮ್ಯಾಟಿಕ್ (ಪ್ರತಿ ಹೊಡೆತದ ಬಳಿಕ ಮುಂದಿನ ಕಾಡತೂಸನ್ನು ತಾನೇ ತುಂಬಿಕೊಳ್ಳುವ) ಪಿಸ್ತೂಲಿನಿಂದ ಮೊದಲು ಮ್ಯಾಗಜೀನ್, ಅಂದರೆ ಕಾಡತೂಸು ತುಂಬಿದ ಡಬ್ಬಿ, ಹೊರಗೆ ಬರಬೇಕು. ಆಮೇಲೆಯೇ ಸ್ಲೈಡನ್ನು, ಅಂದರೆ ಮೇಲ್ಭಾಗದಲ್ಲಿ ಹಿಂದೆ ಮುಂದೆ ಜಾರುವ ಲೋಹದ ಭಾಗವನ್ನು, ಹಿಂದಕ್ಕೆ ಎಳೆಯಬೇಕು. ಈ ಎರಡು ಕೆಲಸಗಳು ಹಿಂದುಮುಂದಾದರೆ ಆಗುವುದು ಇಷ್ಟು: ಮ್ಯಾಗಜೀನ್ ಒಳಗಿರುವಾಗಲೇ ಸ್ಲೈಡ್ ಎಳೆದರೆ ಚೇಂಬರಿನಲ್ಲಿದ್ದ (ನಳಿಗೆಯ ಹಿಂತುದಿಯಲ್ಲಿ ಕಾಡತೂಸು ಕೂರುವ ಜಾಗ) ಕಾಡತೂಸು ಹಾರಿ ಮೇಜಿನ ಮೇಲೆ ಬೀಳುತ್ತದೆ, ಅದನ್ನು ಕಂಡವರಿಗೆ ಪಿಸ್ತೂಲು ಖಾಲಿಯಾಯಿತೆಂಬ ಸಮಾಧಾನ ಮೂಡುತ್ತದೆ, ಆದರೆ ಸ್ಪ್ರಿಂಗಿನ ಬಲದಿಂದ ಮುಂದಕ್ಕೆ ಮರಳುವ ಸ್ಲೈಡ್ ಮ್ಯಾಗಜೀನಿನ ಮೇಲ್ತುದಿಯಲ್ಲಿದ್ದ ಇನ್ನೊಂದು ಕಾಡತೂಸನ್ನು ತಳ್ಳಿಕೊಂಡು ಹೋಗಿ ಚೇಂಬರಿನಲ್ಲಿ ಕೂರಿಸಿಬಿಟ್ಟಿರುತ್ತದೆ. ಆಮೇಲೆ ಮ್ಯಾಗಜೀನ್ ತೆಗೆದರೂ ಅದು ಅಲ್ಲಿಯೇ ಉಳಿಯುತ್ತದೆ. ಶುಚಿ ಮಾಡುವಾಗ ಗುಂಡು ಹಾರಿತು ಎಂದು ಪತ್ರಿಕೆಗಳಲ್ಲಿ ಆಗಾಗ ಓದುವ ಸುದ್ದಿಗಳ ಹಿಂದೆ ಈ ತಪ್ಪು ಇರುವ ಸಾಧ್ಯತೆ ದೊಡ್ಡದು ಎಂಬುದು ನನ್ನ ತಿಳಿವಳಿಕೆ.

ಆದ್ದರಿಂದ ಮ್ಯಾಗಜೀನ್ ತೆಗೆದು, ಸ್ಲೈಡನ್ನು ಹಿಂದಕ್ಕೆಳೆದು ಅಲ್ಲಿಯೇ ನಿಲ್ಲಿಸಿ, ಬೆಳಕಿಗೆ ಹಿಡಿದು ಚೇಂಬರನ್ನು ನೋಡಬೇಕು. ನೋಡಿದ ಮೇಲೆ ಕಿರುಬೆರಳಿನ ತುದಿಯನ್ನು ಒಳಗೆ ಹಾಕಿ ಮುಟ್ಟಿಯೂ ನೋಡಬೇಕು, ಏಕೆಂದರೆ ಮಸಿ ಹಿಡಿದ ಚೇಂಬರಿನಲ್ಲಿ ಮಂಕಾದ ಕಾಡತೂಸು ಕಣ್ಣಿಗೆ ಮೋಸ ಮಾಡಬಲ್ಲದು, ಬೆರಳಿಗೆ ಮಾಡಲಾರದು. ಒಂದು ಕ್ಷಣ ಬೇರೆಡೆ ದೃಷ್ಟಿ ಹಾಯಿಸಿ ಮತ್ತೊಮ್ಮೆ ನೋಡುವುದು ಇನ್ನೂ ಒಳ್ಳೆಯದು. ಬಳಿಕ ಎಲ್ಲ ಕಾಡತೂಸುಗಳನ್ನೂ ಆ ಕೋಣೆಯಿಂದಲೇ ಆಚೆಗೆ ಸಾಗಿಸಿ, ಕೆಲಸ ಮುಗಿಯುವವರೆಗೆ ಅವು ಒಳಗೆ ಬರದಂತೆ ನೋಡಿಕೊಳ್ಳಬೇಕು. ಇಷ್ಟೆಲ್ಲ ಮಾಡಿದ ಮೇಲೂ ನಳಿಗೆಯ ಬಾಯಿ ಮನುಷ್ಯರಿರುವ ದಿಕ್ಕಿಗೆ ತಿರುಗಬಾರದು. ಶಸ್ತ್ರಾಗಾರಗಳಲ್ಲಿ ಇದಕ್ಕೆಂದೇ ಮರಳು ತುಂಬಿದ ಪೆಟ್ಟಿಗೆ ಇರುತ್ತದೆ, ಮನೆಯಲ್ಲಿ ಮರಳು ತುಂಬಿದ ದಪ್ಪ ಬಕೆಟ್ಟು ಅದೇ ಕೆಲಸ ಮಾಡುತ್ತದೆ.

ಇದನ್ನು ಇಷ್ಟು ಉದ್ದಕ್ಕೆ ಹೇಳಲು ಎರಡು ಮಾದರಿಯ ಪಿಸ್ತೂಲುಗಳ ರಚನೆಯೇ ಕಾರಣ. 1980ರ ದಶಕದ ಆರಂಭದಲ್ಲಿ ಆಸ್ಟ್ರಿಯಾದಲ್ಲಿ ಹುಟ್ಟಿ, ಇಂದು ನಮ್ಮ ರಾಷ್ಟ್ರೀಯ ಭದ್ರತಾ ದಳವೂ ಬಳಸುವ ಗ್ಲಾಕ್ ಪಿಸ್ತೂಲನ್ನು ಬಿಚ್ಚಬೇಕಾದರೆ ಮೊದಲು ಟ್ರಿಗರ್ ಒತ್ತಲೇಬೇಕು. ಚೇಂಬರ್ ಪರೀಕ್ಷಿಸದೆ ಒತ್ತಿದವರಿಗೆ ಏನಾಗುತ್ತದೆಂದು ಬಿಡಿಸಿ ಹೇಳಬೇಕಿಲ್ಲ. ಇನ್ನೊಂದು, ಬ್ರೌನಿಂಗ್ ಹೈ-ಪವರ್. ಇದರಲ್ಲಿ ಮ್ಯಾಗಜೀನ್ ಹೊರಗಿದ್ದರೆ ಟ್ರಿಗರ್ ಕೆಲಸ ಮಾಡದಂತೆ ತಡೆಯುವ ಏರ್ಪಾಡು ಇದೆ. ಇದನ್ನೇ ನಂಬಿ ರೂಢಿಯಾದ ಕೈ, ಆ ಏರ್ಪಾಡು ಇಲ್ಲದ ಬೇರೆ ಪಿಸ್ತೂಲನ್ನು ಹಿಡಿದಾಗಲೂ ಮ್ಯಾಗಜೀನ್ ತೆಗೆದ ಮಾತ್ರಕ್ಕೆ ಅಪಾಯ ಕಳೆಯಿತೆಂದು ಭಾವಿಸುತ್ತದೆ.

ಇನ್ನು ಮಸಿಯ ವಿಚಾರ. ಅದು ಎಲ್ಲಿಂದ ಬರುತ್ತದೆಂದು ತಿಳಿಯದೆ ಉಜ್ಜುವವರು ಸಾಮಾನ್ಯವಾಗಿ ಹೊರಗೆ ಕಾಣುವ ಭಾಗವನ್ನು ಫಳಫಳ ಮಾಡಿ, ಕೆಲಸ ಕೆಡಿಸುವ ಜಾಗವನ್ನು ಹಾಗೆಯೇ ಬಿಟ್ಟಿರುತ್ತಾರೆ. ಒಂದು ಕಾಡತೂಸಿನಲ್ಲಿ ನಾಲ್ಕು ಭಾಗಗಳಿವೆ: ಹಿತ್ತಾಳೆಯ ಕೊಳವೆ, ಅದರ ಬುಡದಲ್ಲಿ ಕೇಪು, ಒಳಗೆ ಮದ್ದು, ಬಾಯಲ್ಲಿ ಗುಂಡು. ಫೈರಿಂಗ್ ಪಿನ್ ಕೇಪಿಗೆ ಬಡಿದಾಗ ಅದರಲ್ಲಿರುವ ಸೂಕ್ಷ್ಮ ರಾಸಾಯನಿಕ ಸಿಡಿದು ಮದ್ದಿಗೆ ಕಿಡಿ ಹತ್ತಿಸುತ್ತದೆ. ಮದ್ದು ಉರಿದು ಅನಿಲವಾಗುತ್ತದೆ. ಆ ಅನಿಲದ ಒತ್ತಡ .32 ಕಾಡತೂಸಿನಲ್ಲಿ ವಾತಾವರಣದ ಒತ್ತಡದ ಸಾವಿರ ಪಟ್ಟನ್ನೂ, 9 ಮಿ.ಮೀ. ಕಾಡತೂಸಿನಲ್ಲಿ ಎರಡು ಸಾವಿರ ಪಟ್ಟನ್ನೂ ಮೀರುತ್ತದೆ. ಗುಂಡು ನಳಿಗೆಯೊಳಗಿನ ತಿರುಚಿದ ತೋಡುಗಳಿಗೆ ತನ್ನ ಮೈಯನ್ನು ಉಜ್ಜಿಕೊಂಡು ಹೊರಡುತ್ತದೆ. ಹೀಗೆ ಒಂದೊಂದು ಹೊಡೆತದಲ್ಲಿಯೂ ಹಿಂದೆ ಉಳಿಯುವ ಕೊಳೆ ಮೂರು ಬಗೆಯದು: ಅರೆಬರೆ ಉರಿದ ಮದ್ದಿನ ಇಂಗಾಲ, ಕೇಪಿನ ರಾಸಾಯನಿಕದ ಉಳಿಕೆ, ಗುಂಡಿನ ಮೈಯಿಂದ ಕಿತ್ತು ನಳಿಗೆಗೆ ಅಂಟಿದ ತಾಮ್ರ ಅಥವಾ ಸೀಸ. ಮೂರಕ್ಕೂ ಪರಿಹಾರ ಬೇರೆ ಬೇರೆ. ಇಂಗಾಲವನ್ನು ಬಿಡಿಸುವ ಎಣ್ಣೆ ತಾಮ್ರದ ಗೊಡವೆಗೆ ಹೋಗುವುದಿಲ್ಲ.

ಹಳೆಯ ಕಾಲದ ಕೇಪುಗಳಲ್ಲಿ ಪೊಟ್ಯಾಸಿಯಂ ಕ್ಲೋರೇಟ್ ಇರುತ್ತಿತ್ತು. ಅದು ಸಿಡಿದ ಮೇಲೆ ಉಳಿಯುವ ಪೊಟ್ಯಾಸಿಯಂ ಕ್ಲೋರೈಡ್ ನಮ್ಮ ಅಡುಗೆ ಉಪ್ಪಿನ ಹತ್ತಿರದ ಬಂಧು. ಮಳೆಗಾಲದಲ್ಲಿ ಉಪ್ಪಿನ ಭರಣಿ ಹೇಗೆ ನೀರೊಡೆಯುತ್ತದೆಯೋ ಹಾಗೆ ಅದು ಗಾಳಿಯ ತೇವವನ್ನು ಎಳೆದುಕೊಂಡು ರಾತ್ರಿ ಬೆಳಗಾಗುವುದರೊಳಗೆ ನಳಿಗೆಗೆ ತುಕ್ಕು ಹಿಡಿಸುತ್ತಿತ್ತು. ಉಪ್ಪು ಎಣ್ಣೆಯಲ್ಲಿ ಕರಗುವುದಿಲ್ಲ, ನೀರಿನಲ್ಲಿ ಕರಗುತ್ತದೆ. ಹಿಂದಿನ ಸೈನಿಕರು ಬಂದೂಕಿನ ನಳಿಗೆಗೆ ಕುದಿಯುವ ನೀರು ಸುರಿಯುತ್ತಿದ್ದುದು ಇದೇ ಕಾರಣಕ್ಕೆ, ಮತ್ತು ಕರಿಮದ್ದು ಬಳಸುವ ಹಳೆಯ ಕೋವಿಗಳಿಗೆ ಇಂದಿಗೂ ಬಿಸಿನೀರೇ ಸರಿ. ಈಗ ಅಂಗಡಿಯಲ್ಲಿ ಸಿಗುವ ಪಿಸ್ತೂಲಿನ ಕಾಡತೂಸುಗಳಲ್ಲಿ ಸಾಮಾನ್ಯವಾಗಿ ಆ ಉಪ್ಪು ಇರುವುದಿಲ್ಲ. ಅದರ ಬದಲಿಗೆ ಸೀಸದ ಸಂಯುಕ್ತ ಇರುತ್ತದೆ. ಅದು ಪಿಸ್ತೂಲಿಗಿಂತ ಹೆಚ್ಚಾಗಿ ಶುಚಿ ಮಾಡುವವರ ದೇಹಕ್ಕೆ ಕೆಟ್ಟದ್ದು.

ಆ ವಿಷಯವನ್ನು ಇಲ್ಲಿಯೇ ಹೇಳಿಬಿಡುತ್ತೇನೆ. ಶುಚಿ ಮಾಡುವ ಮೇಜು ಊಟದ ಮೇಜಾಗಿರಬಾರದು, ಅಡುಗೆಮನೆಯ ಕಟ್ಟೆಯಂತೂ ಆಗಲೇಬಾರದು. ಕಿಟಕಿ ತೆರೆದಿರಬೇಕು, ಕೈಗೆ ರಬ್ಬರಿನ ತೆಳು ಗವುಸು ಇರಬೇಕು, ಮೇಜಿನ ಮೇಲೆ ಹಾಸಿದ ಹಳೆಯ ಪತ್ರಿಕೆಯನ್ನು ಕೆಲಸ ಮುಗಿದ ಮೇಲೆ ಒಳಮುಖವಾಗಿ ಮಡಿಸಿ ಎಸೆಯಬೇಕು. ನಡುವೆ ಚಹಾ ಕುಡಿಯುವುದು, ಬೀಡಿ ಸಿಗರೇಟು ಸೇದುವುದು ಎರಡೂ ಕೂಡದು. ಒಂದರಿಂದ ಸೀಸ ಹೊಟ್ಟೆಗೆ ಹೋಗುತ್ತದೆ, ಇನ್ನೊಂದರಿಂದ ಮಸಿ ಬಿಡಿಸುವ ದ್ರಾವಕಕ್ಕೆ ಬೆಂಕಿ ಹತ್ತುತ್ತದೆ. ಕೊನೆಗೆ ಕೈಯನ್ನು ತಣ್ಣೀರು ಮತ್ತು ಸಾಬೂನಿನಿಂದ ಚೆನ್ನಾಗಿ ತೊಳೆಯಬೇಕು. ಬೆಳೆಯುವ ಮಕ್ಕಳ ಮೆದುಳಿಗೆ ಸೀಸ ಮಾಡುವ ಹಾನಿ ಸರಿಪಡಿಸಲಾಗದ್ದು; ಅವರು ಆ ಕೋಣೆಯ ಹತ್ತಿರ ಸುಳಿಯದಿರುವುದು ಎರಡು ಪಟ್ಟು ಅವಶ್ಯಕ.

ಮಸಿ ಎಲ್ಲಿ ಕೂರುತ್ತದೆ ಎಂಬುದು ಪಿಸ್ತೂಲು ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ಅವಲಂಬಿಸಿದೆ. ಭಾರತದಲ್ಲಿ ಸಾಮಾನ್ಯ ಪರವಾನಗಿದಾರರಿಗೆ ಸಿಗುವುದು ಹೆಚ್ಚಾಗಿ .32 ಬೋರಿನ ಪಿಸ್ತೂಲು (ಬೋರು ಎಂದರೆ ನಳಿಗೆಯ ಒಳಗಿನ ಅಗಲ), 9 ಮಿ.ಮೀ. ನಿಷಿದ್ಧ ಬೋರು, ಅದು ಸೇನೆ ಮತ್ತು ಪೊಲೀಸರ ಕೈಯಲ್ಲಿರುತ್ತದೆ. .32 ಕಾಡತೂಸು 1899ರಷ್ಟು ಹಳೆಯದು, ಅಮೆರಿಕದ ಜಾನ್ ಬ್ರೌನಿಂಗ್ ಅವರ ವಿನ್ಯಾಸ. ಅದರ ಶಕ್ತಿ ಕಡಿಮೆ. ಆದ್ದರಿಂದ ಅದನ್ನು ಹೊಡೆಯುವ ಬಹುಪಾಲು ಪಿಸ್ತೂಲುಗಳಲ್ಲಿ ನಳಿಗೆಯನ್ನೂ ಸ್ಲೈಡನ್ನೂ ಪರಸ್ಪರ ಕೀಲಿಸುವ ವ್ಯವಸ್ಥೆಯೇ ಇಲ್ಲ. ಸ್ಲೈಡಿನ ತೂಕ ಮತ್ತು ಸ್ಪ್ರಿಂಗಿನ ಬಿಗಿ ಇವೆರಡೇ ಕಾಡತೂಸನ್ನು ಕ್ಷಣಕಾಲ ಚೇಂಬರಿನಲ್ಲಿ ಹಿಡಿದಿಡುತ್ತವೆ. ಗುಂಡು ಮುಂದಕ್ಕೆ ಹೊರಟ ಗಳಿಗೆಯಿಂದಲೇ ಖಾಲಿ ಕೊಳವೆ ಹಿಂದಕ್ಕೆ ಸರಿಯತೊಡಗುತ್ತದೆ. ಹಾಗಾಗಿ ಇನ್ನೂ ಒತ್ತಡದಲ್ಲಿರುವ ಕೊಳಕು ಅನಿಲದ ಒಂದು ಪಾಲು ಹಿಂದಕ್ಕೆ ನುಗ್ಗಿ ಚೇಂಬರಿನ ಗೋಡೆ, ಸ್ಲೈಡಿನ ಮುಖ, ಖಾಲಿ ಕೊಳವೆಯನ್ನು ಎಳೆಯುವ ಎಕ್ಸ್‌ಟ್ರಾಕ್ಟರಿನ ಕೊಕ್ಕೆ ಇವುಗಳ ಮೇಲೆಲ್ಲ ಮಸಿ ಬಳಿಯುತ್ತದೆ. .32 ಪಿಸ್ತೂಲಿನಲ್ಲಿ ನಳಿಗೆಗಿಂತ ಈ ಹಿಂಭಾಗಕ್ಕೇ ಹೆಚ್ಚು ಸಮಯ ಕೊಡಬೇಕಾಗುತ್ತದೆ.

9 ಮಿ.ಮೀ. ಕಾಡತೂಸಿನ ಒತ್ತಡವನ್ನು ಬರೀ ತೂಕದಿಂದ ತಡೆಯಬೇಕಾದರೆ ಸ್ಲೈಡು ವಿಪರೀತ ಭಾರವಾಗಬೇಕು. ಅದಕ್ಕಾಗಿ ಬ್ರೌನಿಂಗ್ ಬೇರೆ ದಾರಿ ಹುಡುಕಿದರು: ನಳಿಗೆಯ ಬೆನ್ನಿನ ಮೇಲಿನ ಉಬ್ಬುಗಳು ಸ್ಲೈಡಿನ ಒಳಗಿನ ಗೀರುಗಳಲ್ಲಿ ಕೂತು ಎರಡೂ ಒಂದಾಗಿ ಸ್ವಲ್ಪ ದೂರ ಹಿಂದಕ್ಕೆ ಸರಿಯುತ್ತವೆ, ಗುಂಡು ಹೊರಹೋಗಿ ಒತ್ತಡ ಇಳಿದ ಮೇಲೆ ನಳಿಗೆಯ ಹಿಂತುದಿ ಕೆಳಕ್ಕೆ ಬಾಗಿ ಸ್ಲೈಡಿನಿಂದ ಬಿಡಿಸಿಕೊಳ್ಳುತ್ತದೆ. ಈ ತತ್ತ್ವದ ಮೇಲೆಯೇ ನಿಂತದ್ದು ಹೈ-ಪವರ್ ಪಿಸ್ತೂಲು. 1926ರಲ್ಲಿ ಬ್ರೌನಿಂಗ್ ತೀರಿಕೊಂಡ ಮೇಲೆ ಬೆಲ್ಜಿಯಂನ ಡಿಯುಡೋನೆ ಸೈವ್ ಅದನ್ನು ಪೂರ್ತಿಗೊಳಿಸಿದರು, 1935ರಲ್ಲಿ ಅದು ಬಳಕೆಗೆ ಬಂತು. ಎರಡನೆಯ ಮಹಾಯುದ್ಧದಲ್ಲಿ ಕೆನಡಾದ ಟೊರಾಂಟೊದಲ್ಲಿ ಇಂಗ್ಲಿಸ್ ಕಂಪನಿ ತಯಾರಿಸಿದ ಅದರ ರೂಪವೇ ಮುಂದೆ ಪಶ್ಚಿಮ ಬಂಗಾಳದ ಇಛಾಪುರದ ರೈಫಲ್ ಕಾರ್ಖಾನೆಯಲ್ಲಿ 'ಪಿಸ್ತೂಲ್ ಆಟೋ 9 ಮಿ.ಮೀ. 1ಎ' ಎಂಬ ಹೆಸರಿನಲ್ಲಿ ನಮ್ಮ ಸೇನೆಗೆ ತಯಾರಾಯಿತು. ಇಂಥ ಪಿಸ್ತೂಲಿನಲ್ಲಿ ಆ ಉಬ್ಬುಗಳು ಮತ್ತು ನಳಿಗೆಯ ಕೆಳಗಿನ ಓರೆಯಾದ ಸೀಳು ಪ್ರತಿ ಹೊಡೆತಕ್ಕೂ ಲೋಹಕ್ಕೆ ಲೋಹ ಉಜ್ಜುವ ಜಾಗಗಳು. ಅಲ್ಲಿ ಎಣ್ಣೆ ಇಲ್ಲದಿದ್ದರೆ ಸವೆತ ಬೇಗ ಕಾಣಿಸಿಕೊಳ್ಳುತ್ತದೆ.

ಬಿಚ್ಚುವ ಕ್ರಮ ಮಾದರಿಯಿಂದ ಮಾದರಿಗೆ ಬೇರೆ. ಹೈ-ಪವರ್ ಆದರೆ ಸ್ಲೈಡನ್ನು ಹಿಂದಕ್ಕೆಳೆದು ಸೇಫ್ಟಿಯ (ಗುಂಡು ಹಾರದಂತೆ ತಡೆಯುವ ಗುಂಡಿಯ) ಕೊಕ್ಕೆಯನ್ನು ಸ್ಲೈಡಿನ ಎರಡನೆಯ ಕಚ್ಚಿಗೆ ಸಿಕ್ಕಿಸಬೇಕು, ಬಲಬದಿಯಿಂದ ಒತ್ತಿ, ಸ್ಲೈಡನ್ನು ಹಿಂದೆ ತಡೆದು ನಿಲ್ಲಿಸುವ ಸ್ಲೈಡ್-ಸ್ಟಾಪನ್ನು ಎಡಕ್ಕೆ ಹೊರತೆಗೆಯಬೇಕು, ಸ್ಲೈಡನ್ನು ಕೈಯಲ್ಲಿ ಬಿಗಿಯಾಗಿ ಹಿಡಿದು ಸೇಫ್ಟಿಯನ್ನು ಇಳಿಸಿ ಮೆಲ್ಲನೆ ಮುಂದಕ್ಕೆ ಜಾರಿಸಬೇಕು. ಸ್ಲೈಡನ್ನು ಮಗುಚಿದರೆ ಸ್ಪ್ರಿಂಗು ಕಾಣುತ್ತದೆ. ಅದನ್ನು ಅದುಮಿ ಎತ್ತಿದ ಮೇಲೆ ನಳಿಗೆ ತಾನಾಗಿ ಕೈಗೆ ಬರುತ್ತದೆ. ಅದುಮಿಟ್ಟ ಸ್ಪ್ರಿಂಗ್ ಕೈತಪ್ಪಿದರೆ ನೇರ ಕಣ್ಣಿಗೆ ಹಾರಬಹುದು, ಕನ್ನಡಕ ಇರಲಿ. ಕೆಲವು .32 ಪಿಸ್ತೂಲುಗಳಲ್ಲಿ, 1929ರ ವಾಲ್ಥರ್ ಪಿಪಿ ಮಾದರಿಯವುಗಳಲ್ಲಿ ಇರುವಂತೆ, ನಳಿಗೆ ಫ್ರೇಮಿಗೇ (ಹಿಡಿಯಿರುವ ಕೆಳಗಿನ ಮೈಗೇ) ಸ್ಥಿರವಾಗಿ ಕೂಡಿಕೊಂಡಿರುತ್ತದೆ, ಅದನ್ನು ಕೀಳಲು ಹೋಗಲೇಬಾರದು. ಸ್ಲೈಡು, ಸ್ಪ್ರಿಂಗು, ನಳಿಗೆ, ಫ್ರೇಮು, ಮ್ಯಾಗಜೀನು ಬೇರೆಯಾದರೆ ಮನೆಯಲ್ಲಿ ಮಾಡುವ ಬಿಚ್ಚಾಟ ಅಲ್ಲಿಗೆ ಮುಗಿಯಿತು. ಫ್ರೇಮಿನೊಳಗಿನ ಟ್ರಿಗರ್ ಭಾಗಗಳನ್ನು ಬಿಚ್ಚುವುದು, ತೇಯುವುದು, ಸಡಿಲಿಸುವುದು ಪರವಾನಗಿ ಇರುವ ರಿಪೇರಿಯವರ ಕೆಲಸ. 1959ರ ಶಸ್ತ್ರಾಸ್ತ್ರ ಕಾಯ್ದೆಯ ಪ್ರಕಾರ ಬಂದೂಕು ರಿಪೇರಿಯ ವೃತ್ತಿಗೂ ಪರವಾನಗಿ ಬೇಕು. ಪಕ್ಕದ ಬೀದಿಯ ವೆಲ್ಡಿಂಗ್ ಅಂಗಡಿಯವನ ಕೈಗೆ ಅದನ್ನು ಕೊಡುವಂತಿಲ್ಲ.

ನಳಿಗೆಯನ್ನು ಸಾಧ್ಯವಿದ್ದಲ್ಲೆಲ್ಲ ಚೇಂಬರಿನ ಕಡೆಯಿಂದ ಬಾಯಿಯ ಕಡೆಗೆ ಶುಚಿ ಮಾಡಬೇಕು. ನಳಿಗೆಯ ಬಾಯಿಯ ಅಂಚು ಗುಂಡು ಕೊನೆಯದಾಗಿ ಮುಟ್ಟುವ ಜಾಗ; ಅಲ್ಲಿ ಒಂದು ಬದಿಯಲ್ಲಿ ಕೂದಲೆಳೆಯಷ್ಟು ಸವೆದರೂ ಅನಿಲ ಒಂದೇ ಪಕ್ಕದಿಂದ ಮೊದಲು ನುಗ್ಗಿ ಗುಂಡಿನ ದಿಕ್ಕು ಕೆಡುತ್ತದೆ. ಸ್ಥಿರ ನಳಿಗೆಯ ಪಿಸ್ತೂಲಿನಲ್ಲಿ ಬಾಯಿಯಿಂದಲೇ ಸರಳು ಹಾಕಬೇಕಾಗಿ ಬಂದಾಗ ಸರಳು ಅಂಚಿಗೆ ಉಜ್ಜದಂತೆ ಬೆರಳ ನಡುವೆ ಹಿಡಿದು ತೂರಿಸಬೇಕು, ಇಲ್ಲವೇ ಪುಲ್‌ಥ್ರೂ ಎಂದು ಕರೆಯುವ ತೂಕ ಕಟ್ಟಿದ ದಾರವನ್ನು ಚೇಂಬರಿನ ಕಡೆಯಿಂದ ಇಳಿಬಿಟ್ಟು ಬಾಯಿಯ ಕಡೆಯಿಂದ ಎಳೆದುಕೊಳ್ಳಬೇಕು. ಸೇನೆಯಲ್ಲಿ ಈ ದಾರದ ತುದಿಗೆ ಸಿಕ್ಕಿಸುವ ಫ್ಲಾನಲ್ ಬಟ್ಟೆಯ ತುಂಡಿಗೆ 'ಚಿಂದಿ' ಎಂದೇ ಹೆಸರು. ನಮ್ಮ ಕಿವಿಗೂ ಅದು ಪರಿಚಿತ ಮಾತು.

ಮೊದಲು ದ್ರಾವಕದಲ್ಲಿ ನೆನೆಸಿದ ಒಂದು ಚಿಂದಿಯನ್ನು ತೂರಿಸಿ, ನಳಿಗೆಯ ಒಳಮೈ ಪೂರ್ತಿ ತೊಯ್ದ ಮೇಲೆ ಹತ್ತು ಹದಿನೈದು ನಿಮಿಷ ಸುಮ್ಮನೆ ಬಿಡಬೇಕು. ಈ ಕಾಯುವಿಕೆಯೇ ಅರ್ಧ ಕೆಲಸ ಮಾಡುತ್ತದೆ, ಅವಸರದವರು ಅದನ್ನು ಬಿಟ್ಟು ಉಜ್ಜಾಟಕ್ಕೆ ಇಳಿದು ತೋಳು ನೋಯಿಸಿಕೊಳ್ಳುತ್ತಾರೆ. ಆಮೇಲೆ ಬೋರಿನ ಅಳತೆಯ ಕಂಚಿನ ಬ್ರಷ್ಷು. ಕಂಚು ನಳಿಗೆಯ ಉಕ್ಕಿಗಿಂತ ಮೆದು, ಆದ್ದರಿಂದ ಮಸಿಯನ್ನು ಕೆರೆಯುತ್ತದೆ, ಉಕ್ಕನ್ನು ಗೀರುವುದಿಲ್ಲ; ಉಕ್ಕಿನ ಬ್ರಷ್ಷಿಗೆ ಇಲ್ಲಿ ಜಾಗವೇ ಇಲ್ಲ. ಬ್ರಷ್ಷು ಒಂದು ತುದಿಯಿಂದ ಹೊಕ್ಕು ಇನ್ನೊಂದು ತುದಿಯಿಂದ ಪೂರ್ತಿ ಹೊರಬಂದ ಮೇಲೆಯೇ ಹಿಂದಕ್ಕೆ ಎಳೆಯಬೇಕು, ನಡುವೆಯೇ ದಿಕ್ಕು ತಿರುಗಿಸಿದರೆ ಅದರ ಎಳೆಗಳು ಮಡಚಿ ಸಿಕ್ಕಿಕೊಳ್ಳುತ್ತವೆ. ಹತ್ತು ಬಾರಿ ಹೀಗೆ ಆಡಿಸಿ, ಒಣ ಚಿಂದಿಗಳನ್ನು ಒಂದಾದ ಮೇಲೊಂದು ತೂರಿಸುತ್ತ ಹೋದರೆ ಮೊದಲನೆಯದು ಕಾಡಿಗೆಯ ಬಣ್ಣಕ್ಕೆ ಬರುತ್ತದೆ, ನಾಲ್ಕನೆಯದೋ ಐದನೆಯದೋ ಬೂದಿಯ ಬಣ್ಣಕ್ಕೆ ತಿರುಗುತ್ತದೆ. ಹಾಲಿನಂಥ ಬಿಳುಪು ಬರುವವರೆಗೆ ಉಜ್ಜಬೇಕಿಲ್ಲ. ನಳಿಗೆಯನ್ನು ಬೆಳಕಿಗೆ ಹಿಡಿದು ನೋಡಿದಾಗ ತೋಡುಗಳ ಅಂಚು ಚೂಪಾಗಿ, ನಡುವೆ ಮಸಿಯ ಗೆರೆ ಇಲ್ಲದೆ ಕಂಡರೆ ಸಾಕು.

ಚಿಂದಿಯ ಮೇಲೆ ನೀಲಿ ಹಸಿರು ಬಣ್ಣ ಬಂದರೆ ಅದು ತಾಮ್ರದ ಗುರುತು. ಗುಂಡಿನ ಮೇಲ್ಹೊದಿಕೆಯ ತಾಮ್ರವನ್ನು ಬಿಡಿಸುವ ದ್ರಾವಕಗಳಲ್ಲಿ ಅಮೋನಿಯ ಇರುತ್ತದೆ, ಮೂಗಿಗೆ ಹಿಡಿದರೆ ತಿಳಿಯುತ್ತದೆ. ಇಲ್ಲಿ ಒಂದು ಮೋಸ ಹೋಗುವ ಜಾಗವಿದೆ: ಅದೇ ಅಮೋನಿಯ ಕಂಚಿನ ಬ್ರಷ್ಷನ್ನೂ ಕರಗಿಸುತ್ತದೆ, ಏಕೆಂದರೆ ಕಂಚಿನ ಬಹುಭಾಗ ತಾಮ್ರವೇ. ನಳಿಗೆ ಶುಚಿಯಾಗಿದ್ದರೂ ಚಿಂದಿ ಹಸಿರಾಗಿಯೇ ಬರುತ್ತಿದೆಯೆಂದು ಗಂಟೆಗಟ್ಟಲೆ ಉಜ್ಜುವವರು ನಿಜದಲ್ಲಿ ತಮ್ಮ ಬ್ರಷ್ಷನ್ನೇ ಕರಗಿಸುತ್ತಿರುತ್ತಾರೆ. ತಾಮ್ರದ ದ್ರಾವಕ ಹಾಕಿದಾಗ ನೈಲಾನಿನ ಬ್ರಷ್ಷು ಬಳಸಿದರೆ ಈ ಗೊಂದಲ ಬರುವುದಿಲ್ಲ. ನಿಕ್ಕಲ್ ಲೇಪನವಿರುವ ಪಿಸ್ತೂಲಿಗೆ ಅಮೋನಿಯ ಸೋಕಿಸಲೇಬಾರದು. ನಿಕ್ಕಲಿನ ಅಡಿಯಲ್ಲಿ ಹಲವು ವೇಳೆ ತಾಮ್ರದ ಪದರವಿರುತ್ತದೆ, ಅದು ಕರಗಿದರೆ ಮೇಲಿನ ಲೇಪನ ಹಪ್ಪಳದಂತೆ ಏಳುತ್ತದೆ.

ದ್ರಾವಕ ಸಿಗದ ಊರಿನಲ್ಲಿ ಸೀಮೆಎಣ್ಣೆ ಬಳಸುವವರಿದ್ದಾರೆ. ಮಸಿಯನ್ನೂ ಹಳೆಯ ಜಿಡ್ಡನ್ನೂ ಅದು ಚೆನ್ನಾಗಿಯೇ ಬಿಡಿಸುತ್ತದೆ. ಆದರೆ ಆರಿದ ಮೇಲೆ ಲೋಹಕ್ಕೆ ಯಾವ ರಕ್ಷಣೆಯನ್ನೂ ಉಳಿಸುವುದಿಲ್ಲ, ಆದ್ದರಿಂದ ಒರೆಸಿ ಒಣಗಿಸಿ ಕೂಡಲೇ ಎಣ್ಣೆ ಹಚ್ಚಬೇಕು. ಪೆಟ್ರೋಲು ಬೇಡ, ಅದರ ಆವಿ ಕೋಣೆಯ ಮೂಲೆಯ ದೀಪವನ್ನು ಹುಡುಕಿಕೊಂಡು ಹೋಗುತ್ತದೆ.

ಇನ್ನು ಸ್ಲೈಡಿನ ಮುಖ, ಅಂದರೆ ಕಾಡತೂಸಿನ ಬುಡ ಆನಿಕೊಳ್ಳುವ ಚಿಕ್ಕ ಸಮತಲ. ಅದರ ಒಂದು ಬದಿಯಲ್ಲಿ ಎಕ್ಸ್‌ಟ್ರಾಕ್ಟರ್ ಎಂಬ ಕೊಕ್ಕೆ ಇದೆ. ಖಾಲಿ ಕೊಳವೆಯನ್ನು ಚೇಂಬರಿನಿಂದ ಎಳೆದು ತರುವುದು ಅದರ ಕೆಲಸ. ಕೊಕ್ಕೆಯ ಒಳಬದಿಯಲ್ಲಿ ಮಸಿ ಪದರ ಪದರವಾಗಿ ಕೂತು ಕಲ್ಲಿನಂತೆ ಗಟ್ಟಿಯಾದಾಗ ಕೊಕ್ಕೆ ಕಾಡತೂಸಿನ ಅಂಚನ್ನು ಪೂರ್ತಿ ಕಚ್ಚಿ ಹಿಡಿಯಲಾರದು, ಖಾಲಿ ಕೊಳವೆ ಒಳಗೇ ಉಳಿಯುತ್ತದೆ, ಹಿಂದಿನಿಂದ ಬಂದ ಹೊಸ ಕಾಡತೂಸು ಅದಕ್ಕೆ ಢಿಕ್ಕಿ ಹೊಡೆದು ಪಿಸ್ತೂಲು ಕಚ್ಚಿಕೊಂಡು ನಿಲ್ಲುತ್ತದೆ. ಭೂತಗನ್ನಡಿ ಹಿಡಿದು ನೋಡಿದರೆ ಆ ಮಸಿ ಹಳೆಯ ಬಾಣಲೆಯ ತಳದ ಕರಿಯಂತೆ ಹೊಳೆಯುತ್ತಿರುತ್ತದೆ. ದ್ರಾವಕದ ಒಂದು ಹನಿ ಹಾಕಿ, ನೆನೆಯಲು ಬಿಟ್ಟು, ಬಿದಿರಿನ ಕಡ್ಡಿಯ ಮೊನೆಯಿಂದ ಕೆರೆದರೆ ಚಿಕ್ಕ ಚಿಕ್ಕ ಚಕ್ಕೆಗಳಾಗಿ ಏಳುತ್ತದೆ. ಸೂಜಿ, ಪಿನ್ನು, ಬ್ಲೇಡಿನ ಮೊನೆ ಬೇಡ. ಅದೇ ಮುಖದ ನಡುವಿನ ತೂತಿನಿಂದ ಫೈರಿಂಗ್ ಪಿನ್ ಹೊರಬರುತ್ತದೆ. ಸ್ಲೈಡಿನ ಮೂತಿಯನ್ನು ಕೆಳಕ್ಕೆ ಮಾಡಿ ಹಿಡಿದುಕೊಂಡೇ ಈ ಕೆಲಸ ಮಾಡಿದರೆ ಕೊಳಕು ದ್ರಾವಕ ಆ ತೂತಿನೊಳಗೆ ಇಳಿಯುವುದಿಲ್ಲ. ಫೈರಿಂಗ್ ಪಿನ್ನಿನ ದಾರಿ ಒಣಗಿಯೇ ಇರಬೇಕು. ಅಲ್ಲಿ ಎಣ್ಣೆ ನಿಂತರೆ ಧೂಳು ಮಸಿ ಸೇರಿ ಕೆಸರಾಗಿ ಪಿನ್ನಿನ ಓಟ ಕುಗ್ಗುತ್ತದೆ, ಪಿನ್ನು ಕೇಪಿಗೆ ಮೆಲ್ಲಗೆ ತಾಗುತ್ತದೆ, ಗುಂಡು ಹಾರುವುದಿಲ್ಲ.

ಮ್ಯಾಗಜೀನನ್ನು ಅನೇಕರು ಮರೆಯುತ್ತಾರೆ. ಪಿಸ್ತೂಲು ಸಿಕ್ಕಿಹಾಕಿಕೊಂಡಾಗ ನಾನು ಮೊದಲು ಅನುಮಾನಿಸುವುದು ಅದನ್ನೇ. ತಳವನ್ನು ಬಿಚ್ಚಿ, ಸ್ಪ್ರಿಂಗು ತೆಗೆದು, ಒಳಗನ್ನು ಒಣ ಬಟ್ಟೆಯಿಂದ ಒರೆಸಬೇಕು. ಎಣ್ಣೆ ಹಾಕಬಾರದು, ಏಕೆಂದರೆ ಆ ಎಣ್ಣೆ ಕಾಡತೂಸುಗಳಿಗೆ ಹತ್ತಿ ಕಾಲಕ್ರಮದಲ್ಲಿ ಕೇಪಿನೊಳಗೆ ಇಂಗಿ ಅದನ್ನು ಸಾಯಿಸಬಲ್ಲದು. ಮೇಲಿನ ಎರಡು ತುಟಿಗಳು ಬಾಗಿವೆಯೇ, ಬಿರಿದಿವೆಯೇ ಎಂದು ನೋಡಬೇಕು. .32 ಕಾಡತೂಸಿನ ಬುಡದಲ್ಲಿ ಹೊರಚಾಚಿದ ಸಣ್ಣ ಅಂಚು ಇರುತ್ತದೆ. ಮ್ಯಾಗಜೀನ್ ತುಂಬುವಾಗ ಮೇಲಿನ ಕಾಡತೂಸಿನ ಅಂಚು ಕೆಳಗಿನದರ ಅಂಚಿನ ಹಿಂದೆ ಸಿಕ್ಕಿಕೊಂಡರೆ ಎರಡೂ ಬೀಗ ಹಾಕಿದಂತೆ ನಿಂತುಬಿಡುತ್ತವೆ, ಎಷ್ಟು ಶುಚಿ ಮಾಡಿದ ಪಿಸ್ತೂಲೂ ಆಗ ಕೆಲಸ ಮಾಡದು. ಪ್ರತಿಯೊಂದನ್ನೂ ಹಿಂದಿನದಕ್ಕಿಂತ ಮುಂದಕ್ಕೆ ಕೂರಿಸಿ ತುಂಬುವುದೇ ಅದಕ್ಕೆ ಉಪಾಯ.

ಎಲ್ಲ ಭಾಗಗಳೂ ಒಣಗಿ ಮೇಜಿನ ಮೇಲಿರುವ ಈ ಹೊತ್ತೇ ತಪಾಸಣೆಗೆ ತಕ್ಕದ್ದು. ನಳಿಗೆಯೊಳಗೆ ಉಂಗುರದಂಥ ನೆರಳು ಕಂಡರೆ ಅಲ್ಲಿ ನಳಿಗೆ ಉಬ್ಬಿದೆ ಎಂದರ್ಥ. ಮದ್ದು ಸಾಲದೆ ಒಂದು ಗುಂಡು ಒಳಗೇ ನಿಂತು, ಅದರ ಹಿಂದೆ ಇನ್ನೊಂದನ್ನು ಹಾರಿಸಿದಾಗ ಹೀಗಾಗುತ್ತದೆ, ಅಂಥ ಪಿಸ್ತೂಲನ್ನು ಮತ್ತೆ ಹೊಡೆಯಬಾರದು. ಸ್ಪ್ರಿಂಗನ್ನು ಹೊಸದೊಂದರ ಪಕ್ಕದಲ್ಲಿಟ್ಟು ನೋಡಿದಾಗ ಗಮನಕ್ಕೆ ಬರುವಷ್ಟು ಗಿಡ್ಡವಾಗಿದ್ದರೆ ಬದಲಿಸಬೇಕು. ದಣಿದ ಸ್ಪ್ರಿಂಗಿನಿಂದ ಸ್ಲೈಡು ಪ್ರತಿ ಹೊಡೆತಕ್ಕೂ ಫ್ರೇಮಿಗೆ ಜೋರಾಗಿ ಬಡಿದು ಬಿರುಕು ತರಿಸುತ್ತದೆ.

ಎಣ್ಣೆಯ ವಿಷಯದಲ್ಲಿ ನಮ್ಮವರ ತಪ್ಪು ಬಹುತೇಕ ಒಂದೇ: ಅತಿ. ಕೈಪಿಡಿಗಳು ಹನಿಗಳ ಲೆಕ್ಕದಲ್ಲಿ ಮಾತಾಡುತ್ತವೆ. ಸ್ಲೈಡು ಜಾರುವ ಎರಡು ಹಳಿಗಳಿಗೆ ಒಂದೊಂದು ಹನಿ, ನಳಿಗೆಯ ಹೊರಮೈಯಲ್ಲಿ ಸ್ಲೈಡು ಉಜ್ಜಿ ಹೊಳಪು ಬಂದ ಜಾಗಕ್ಕೆ ಬೆರಳಿನಿಂದ ತೆಳುವಾದ ಸವರು, ಕೀಲಿಸುವ ಉಬ್ಬುಗಳಿಗೆ ಒಂದು ಹನಿ, ಟ್ರಿಗರಿನ ಪಟ್ಟಿ ಉಜ್ಜುವ ಬಿಂದುವಿಗೆ ಕಾಲು ಹನಿ. ಹೊಳಪು ಬಂದ ಜಾಗವನ್ನೇ ಹುಡುಕಿ ಎಣ್ಣೆ ಇಡುವುದು ಯಾವ ಮಾದರಿಗಾದರೂ ಹೊಂದುವ ಸೂತ್ರ. ಲೋಹ ಎಲ್ಲಿ ಉಜ್ಜುತ್ತದೆಂದು ಪಿಸ್ತೂಲೇ ಬರೆದು ತೋರಿಸಿರುತ್ತದೆ. ಉಳಿದೆಡೆ ಹರಿಯುವ ಎಣ್ಣೆ ಧೂಳನ್ನು ಕರೆದು ಕೂರಿಸಿಕೊಳ್ಳುವುದಕ್ಕಷ್ಟೇ ಉಪಯೋಗ, ಬೇಸಿಗೆಯ ಬಯಲುಸೀಮೆಯಲ್ಲಂತೂ ಅದು ಒಂದು ವಾರದಲ್ಲಿ ಅರೆಯುವ ಹಿಟ್ಟಾಗುತ್ತದೆ.

ಯಾವ ಎಣ್ಣೆ? ಬಂದೂಕಿಗೆಂದೇ ತಯಾರಾದ ಖನಿಜ ತೈಲ ಎಲ್ಲಕ್ಕಿಂತ ಮೇಲು; ಹೊಲಿಗೆ ಯಂತ್ರದ ಎಣ್ಣೆ ತೆಳುವಾದರೂ ತಾತ್ಕಾಲಿಕವಾಗಿ ನಡೆಯುತ್ತದೆ. ಡಬ್ಲ್ಯುಡಿ-40 ನೀರನ್ನು ಓಡಿಸಲೆಂದು 1953ರಲ್ಲಿ ಮಾಡಿದ ದ್ರವ, ಹೆಸರಿನ ಮೊದಲೆರಡು ಅಕ್ಷರಗಳ ಅರ್ಥವೂ ಅದೇ. ಮಳೆಯಲ್ಲಿ ನೆನೆದ ಪಿಸ್ತೂಲಿಗೆ ಮೊದಲ ಚಿಕಿತ್ಸೆಯಾಗಿ ಒಳ್ಳೆಯದು, ಆದರೆ ಅದನ್ನೇ ಕಾಯಂ ಎಣ್ಣೆಯೆಂದು ಬಿಡಬಾರದು. ಕೊಬ್ಬರಿ ಎಣ್ಣೆಯ ಬಗ್ಗೆ ಪ್ರತ್ಯೇಕವಾಗಿ ಹೇಳಲೇಬೇಕು, ಏಕೆಂದರೆ ಕರಾವಳಿ ಮಲೆನಾಡುಗಳ ಮನೆಗಳಲ್ಲಿ ಕೈಗೆ ಮೊದಲು ಸಿಗುವುದು ಅದೇ. ಅದು ಸುಮಾರು 24 ಡಿಗ್ರಿ ಸೆಲ್ಸಿಯಸ್‌ನಲ್ಲಿ ಹೆಪ್ಪುಗಟ್ಟುತ್ತದೆ. ಮಡಿಕೇರಿಯ ಡಿಸೆಂಬರ್ ಬೆಳಗಿನಲ್ಲಿ ಬಾಟಲಿಯ ಎಣ್ಣೆ ಮೇಣದಂತೆ ಬೆಳ್ಳಗಾಗುವುದನ್ನು ನೋಡಿದವರು, ಅದೇ ಎಣ್ಣೆ ಸ್ಲೈಡಿನ ಹಳಿಗಳ ನಡುವೆ, ಟ್ರಿಗರಿನ ಸಣ್ಣ ಸಂದಿಗಳಲ್ಲಿ ಇದ್ದರೆ ಏನಾಗುತ್ತದೆಂದು ಊಹಿಸಿಕೊಳ್ಳಬಹುದು. ಕಡಲೆಕಾಯಿ ಎಣ್ಣೆ, ಎಳ್ಳೆಣ್ಣೆಗಳು ಕಾಲಕ್ರಮದಲ್ಲಿ ಗಾಳಿಗೆ ಅಂಟಾಗುತ್ತವೆ. ಅಡುಗೆಯ ಯಾವ ಎಣ್ಣೆಯೂ ಪಿಸ್ತೂಲಿಗೆ ಸಲ್ಲದು.

ಜೋಡಿಸಿದ ಮೇಲೆ, ಕಾಡತೂಸುಗಳು ಇನ್ನೂ ಬೇರೆ ಕೋಣೆಯಲ್ಲಿರುವಾಗಲೇ, ಒಂದು ಪರೀಕ್ಷೆ ಆಗಬೇಕು. ಖಾಲಿ ಮ್ಯಾಗಜೀನ್ ಹಾಕಿ ಸ್ಲೈಡನ್ನು ಎಳೆದರೆ, ಸ್ಲೈಡ್-ಸ್ಟಾಪ್ ಇರುವ ಪಿಸ್ತೂಲಿನಲ್ಲಿ ಅದು ಹಿಂದೆಯೇ ನಿಲ್ಲಬೇಕು. ಆ ಸ್ಟಾಪನ್ನು ಇಳಿಸಿ ಬಿಟ್ಟಾಗ ತಡೆಯಿಲ್ಲದೆ ಮುಂದೆ ಬಂದು ಪೂರ್ತಿ ಮುಚ್ಚಿಕೊಳ್ಳಬೇಕು. ಸೇಫ್ಟಿ ಹಾಕಿದಾಗ ಟ್ರಿಗರ್ ಒತ್ತಿದರೂ ಹ್ಯಾಮರ್, ಅಂದರೆ ಫೈರಿಂಗ್ ಪಿನ್ನಿಗೆ ಬಡಿಯುವ ಸುತ್ತಿಗೆ, ಬೀಳಬಾರದು. ಸೇಫ್ಟಿ ತೆಗೆದು, ನಳಿಗೆಯನ್ನು ಮರಳಿನ ಕಡೆ ಹಿಡಿದು ಟ್ರಿಗರ್ ಒತ್ತಿ, ಬೆರಳು ಸಡಿಲಿಸದೆಯೇ ಸ್ಲೈಡನ್ನು ಎಳೆದು ಬಿಟ್ಟರೆ ಹ್ಯಾಮರ್ ಮೇಲೆಯೇ ಉಳಿಯಬೇಕು. ಆಮೇಲೆ ಬೆರಳನ್ನು ನಿಧಾನವಾಗಿ ಬಿಡುತ್ತ ಬಂದಾಗ ಕಿವಿಗೆ ಕೇಳುವ ಸಣ್ಣ 'ಟಿಕ್' ಶಬ್ದ ಬರಬೇಕು. ಇದು ಒಂದು ಒತ್ತಿಗೆ ಒಂದೇ ಗುಂಡು ಹಾರುತ್ತದೆ ಎಂಬುದರ ಖಾತ್ರಿ. ಸ್ಲೈಡಿನ ಜೊತೆಗೇ ಹ್ಯಾಮರ್ ಬಿದ್ದುಹೋದರೆ ಪಿಸ್ತೂಲು ನೇರವಾಗಿ ರಿಪೇರಿಯವರ ಬಳಿಗೆ ಹೋಗಬೇಕು. .22 ರಿಮ್‌ಫೈರ್ (ಪಿನ್ನು ಕಾಡತೂಸಿನ ಬುಡದ ಅಂಚಿಗೇ ಬಡಿಯುವ) ಪಿಸ್ತೂಲನ್ನು ಮಾತ್ರ ಹೀಗೆ ಖಾಲಿ ಹೊಡೆಯುವಾಗ ನಕಲಿ ಕಾಡತೂಸು ಇಟ್ಟುಕೊಳ್ಳಿ, ಇಲ್ಲದಿದ್ದರೆ ಹಲವು ಮಾದರಿಗಳಲ್ಲಿ ಪಿನ್ನು ಚೇಂಬರಿನ ಅಂಚಿಗೇ ಬಡಿದು ಅಲ್ಲಿ ಕಚ್ಚು ಬೀಳುತ್ತದೆ.

ಗುಂಡು ಹಾರಿಸದ ಪಿಸ್ತೂಲಿಗೆ ಮಸಿಯ ಕಾಟವಿಲ್ಲ, ಆದರೆ ನಮ್ಮ ಮಳೆಗಾಲದ ಕಾಟ ಇದ್ದೇ ಇದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಪಶ್ಚಿಮಘಟ್ಟದ ಮನೆಗಳಲ್ಲಿ ಬಟ್ಟೆ ಒಣಗದ, ಬೀರುವಿನ ಒಳಗೆ ಬೂಷ್ಟು ಬೆಳೆಯುವ ದಿನಗಳಲ್ಲಿ ಹದಿನೈದು ದಿನಕ್ಕೊಮ್ಮೆ ಹೊರತೆಗೆದು ನೋಡಲೇಬೇಕು. ಚರ್ಮದ ಹೋಲ್ಸ್ಟರಿನೊಳಗೆ ಇಟ್ಟು ತಿಂಗಳುಗಟ್ಟಲೆ ಬಿಡುವುದು ಎಲ್ಲಕ್ಕಿಂತ ಕೆಟ್ಟ ಅಭ್ಯಾಸ. ಹದ ಮಾಡಿದ ಚರ್ಮದಲ್ಲಿ ಉಪ್ಪು ಮತ್ತು ಆಮ್ಲದ ಅಂಶ ಉಳಿದಿರುತ್ತದೆ, ತೇವವನ್ನೂ ಅದು ಹಿಡಿದಿಡುತ್ತದೆ. ಬಟ್ಟೆಯಲ್ಲಿ ಸುತ್ತುವುದೂ ಹಾಗೆಯೇ. ತೆಳುವಾಗಿ ಎಣ್ಣೆ ಸವರಿ, ತೇವ ಹೀರುವ ಸಿಲಿಕಾ ಜೆಲ್ ಇಟ್ಟ ಬೀಗದ ಪೆಟ್ಟಿಗೆಯಲ್ಲಿ ಇಡುವುದು ಸರಿ, ಮತ್ತು ಜೆಲ್ಲಿನ ಬಣ್ಣ ಬದಲಾದಾಗ ಅದನ್ನು ಕಾಯಿಸಿ ಒಣಗಿಸಬೇಕು.

ತುಕ್ಕಿನ ಕೆಂಪು ಚುಕ್ಕೆ ಕಂಡಾಗ ಹಿತ್ತಾಳೆಯ ಪಾತ್ರೆಗೆ ಮಾಡುವಂತೆ ಹುಣಸೆಹಣ್ಣು ಹಾಕಿ ತಿಕ್ಕಿದವರನ್ನು ನಾನು ಬಲ್ಲೆ. ತುಕ್ಕು ಹೋಯಿತು, ಜೊತೆಗೆ ಪಿಸ್ತೂಲಿನ ನೀಲಿಗಪ್ಪು ಬಣ್ಣವೂ ಹೋಯಿತು. ಆ ನೀಲಿಗಪ್ಪು ಬಣ್ಣ ಪೇಂಟಲ್ಲ. ಅದೂ ಕಬ್ಬಿಣದ ಆಕ್ಸೈಡೇ, ಕೆಂಪು ತುಕ್ಕಿನ ಬಂಧುವೇ. ಕೆಂಪು ತುಕ್ಕು ಪುಡಿಪುಡಿಯಾಗಿ ಒಳಗೊಳಗೆ ಕೊರೆಯುತ್ತ ಹೋದರೆ, ಕಪ್ಪು ಆಕ್ಸೈಡು ಲೋಹಕ್ಕೆ ಬಿಗಿಯಾಗಿ ಅಂಟಿ, ಎಣ್ಣೆಯನ್ನು ಹಿಡಿದಿಟ್ಟುಕೊಂಡು ಕಾಪಾಡುತ್ತದೆ. ಆಮ್ಲಕ್ಕೆ ಇವೆರಡರ ಭೇದ ತಿಳಿಯದು, ಎರಡನ್ನೂ ತಿನ್ನುತ್ತದೆ. ಚುಕ್ಕೆಯ ಮೇಲೆ ಎಣ್ಣೆ ಹಾಕಿ ಒಂದು ದಿನ ಬಿಟ್ಟು, ಅತಿ ನಯವಾದ ಉಕ್ಕಿನ ನಾರಿನಿಂದ ಒತ್ತದೆ ಉಜ್ಜಿದರೆ ಕೆಂಪು ಎದ್ದು ಬರುತ್ತದೆ, ಕಪ್ಪು ಉಳಿಯುತ್ತದೆ.

ಸೆಪ್ಟೆಂಬರ್ ಆರಂಭದಲ್ಲಿ ಕೊಡಗಿನ ಮನೆಗಳಲ್ಲಿ ಕೈಲ್‌ಪೊಳ್ದ್ ಹಬ್ಬಕ್ಕೆ ಕೋವಿಗಳನ್ನು ಶುಚಿ ಮಾಡಿ ಹೂವಿಟ್ಟು ಪೂಜಿಸುತ್ತಾರೆ, ದಸರೆಯಲ್ಲಿ ಆಯುಧಪೂಜೆ ನಾಡಿಗೆಲ್ಲ ಇದೆ. ಪೂಜೆಯಲ್ಲಿ ಹಚ್ಚಿದ ಗಂಧ ಒದ್ದೆಯಾದದ್ದು, ಕುಂಕುಮ ಅರಿಶಿನಗಳು ತೇವ ಹಿಡಿಯುವ ಪುಡಿಗಳು. ಮೂರು ದಿನ ಹಾಗೆಯೇ ಬಿಟ್ಟರೆ ಬೊಟ್ಟಿನ ಆಕಾರಕ್ಕೇ ತುಕ್ಕು ಮೂಡಿರುವುದನ್ನು ಕಾಣಬಹುದು. ಗ್ರಿಪ್ಪಿನ ಮೇಲೆ ಬೊಟ್ಟಿಟ್ಟು ಲೋಹವನ್ನು ಬಿಡುವುದು, ಪೂಜೆ ಎತ್ತಿದ ಮೇಲೆ ಅಂದೇ ಒರೆಸಿ ಎಣ್ಣೆ ಹಚ್ಚುವುದು ಶ್ರದ್ಧೆಗೆ ಯಾವ ಊನವನ್ನೂ ತರುವುದಿಲ್ಲ.

ಚುನಾವಣೆ ಘೋಷಣೆಯಾದಾಗ ಪರವಾನಗಿದಾರರಿಗೆ ಆಯುಧವನ್ನು ಠೇವಣಿ ಇಡಲು ಸೂಚನೆ ಬರುತ್ತದೆ, ವಾರಗಟ್ಟಲೆ ಅದು ಬೇರೆಯವರ ಕಪಾಟಿನಲ್ಲಿರುತ್ತದೆ. ಕೊಡುವ ಹಿಂದಿನ ದಿನ ಹೀಗೆಯೇ ಪೂರ್ತಿ ಶುಚಿ ಮಾಡಿ, ಈ ಬಾರಿ ಮಾತ್ರ ಎಣ್ಣೆಯನ್ನು ತುಸು ಧಾರಾಳವಾಗಿ ಸವರಿ, ಮ್ಯಾಗಜೀನ್ ಖಾಲಿ ಮಾಡಿ ಒಪ್ಪಿಸಬೇಕು. ಮರಳಿ ಬಂದ ದಿನ ಮೊದಲು ಚೇಂಬರ್ ನೋಡಿ, ನಳಿಗೆಯ ಹೆಚ್ಚಿನ ಎಣ್ಣೆಯನ್ನು ಒಣ ಚಿಂದಿಯಿಂದ ತೆಗೆಯಬೇಕು, ಏಕೆಂದರೆ ನಳಿಗೆಯಲ್ಲಿ ನಿಂತ ಎಣ್ಣೆಯ ಮೇಲೆ ಗುಂಡು ಹಾರಿಸುವುದು ಒಳ್ಳೆಯದಲ್ಲ. ಹಾಗೆ ಒರೆಸಿ ಪೆಟ್ಟಿಗೆಯಲ್ಲಿಟ್ಟ ಪಿಸ್ತೂಲನ್ನು ಮಾರನೆಯ ಬೆಳಿಗ್ಗೆ ಇನ್ನೊಮ್ಮೆ ತೆರೆದು, ಖಾಲಿಯೆಂದು ಖಚಿತಮಾಡಿಕೊಂಡು, ಹಳಿಗಳ ಸಂದಿಯಿಂದ ರಾತ್ರಿಯಿಡೀ ಒಸರಿ ಬಂದ ಎಣ್ಣೆಯ ಗೆರೆಯನ್ನು ಬಟ್ಟೆಯ ತುದಿಯಿಂದ ಒರೆಸಿ ಮುಚ್ಚಬೇಕು.